ಇಮ್ಮಡಿಯ ಗೆರೆ

ಮನೆ ಸಾಲದ ಮಾತು ಬಂದಾಗ ಪತ್ರ ಬರಹಗಾರರ ಮೇಜಿನ ಮುಂದೆ ಕೂತವರು ಕೇಳುವ ಪ್ರಶ್ನೆ ಎರಡು ತಲೆಮಾರಿನಲ್ಲಿ ಬದಲಾಗಿಹೋಗಿದೆ. ನನ್ನ ಅಪ್ಪ ಮೈಸೂರಿನಲ್ಲಿ ಪತ್ರ ಬರೆಯುತ್ತಿದ್ದರು. ಕ್ರಯಪತ್ರ, ವಿಭಾಗಪತ್ರ, ಭೋಗ್ಯಪತ್ರ, ಖುಲಾಸೆ ಪತ್ರ, ಯಾವುದೇ ಇರಲಿ, ಕೊನೆಯಲ್ಲಿ ‘ಬಿಕ್ಕಲಂ’ ಎಂದು ಬರೆದು ತಮ್ಮ ಹೆಸರು ಹಾಕುತ್ತಿದ್ದರು. ಈಗ ಅದೇ ಕೆಲಸ ನನ್ನದು. ಅಪ್ಪನ ಎದುರು ಕೂತವರು, “ಒಟ್ಟು ಎಷ್ಟು ಕಟ್ಟಿದರೆ ಮನೆ ಬಿಡಿಸಿಕೊಳ್ಳಬಹುದು ಸ್ವಾಮಿ?” ಎನ್ನುತ್ತಿದ್ದರು. ನನ್ನೆದುರು ಕೂರುವವರು, “ತಿಂಗಳಿಗೆ ಎಷ್ಟು ಬೀಳುತ್ತೆ ಮೇಡಂ?” ಎನ್ನುತ್ತಾರೆ.

ಈ ಎರಡು ಪ್ರಶ್ನೆಗಳ ನಡುವೆ ನಮ್ಮ ಅಡಮಾನದ ಇಡೀ ಚರಿತ್ರೆ ಇದೆ. ಸಾಲಕ್ಕೆ ಒಂದು ಗಡಿ ಇರಬೇಕು, ಬಡ್ಡಿ ಅಸಲಿನಷ್ಟಾದ ಮೇಲೆ ನಿಲ್ಲಬೇಕು ಎಂಬ ನಿಯಮ ಈ ನೆಲದಲ್ಲಿ ಬಹಳ ಕಾಲ ಇತ್ತು. ಆ ಗೆರೆಯನ್ನು ಯಾರೂ ಒಂದೇ ದಿನದಲ್ಲಿ ಅಳಿಸಲಿಲ್ಲ. ಕಾನೂನು ಬದಲಾಯಿತು, ಸಾಲ ಕೊಡುವವರು ಬದಲಾದರು, ಕೊನೆಗೆ ಕಟ್ಟುವ ಕ್ರಮವೇ ಬದಲಾಯಿತು. ಈಗ ಆ ಗೆರೆಯನ್ನು ದಾಟುವುದು ಯಾರ ಕಣ್ಣಿಗೂ ಬೀಳುವುದಿಲ್ಲ. ಅದು ಮತ್ತೆ ಕಣ್ಣಿಗೆ ಬೀಳಬೇಕು ಎಂಬುದು ನನ್ನ ಬಯಕೆ.

ಎಂಬತ್ತನೇ ಒಂದು ಪಾಲು

ಅಡವಿಟ್ಟು ಪಡೆದ ಸಾಲಕ್ಕೆ ಎಷ್ಟು ಬಡ್ಡಿ ನ್ಯಾಯ ಎಂಬ ಪ್ರಶ್ನೆಗೆ ಧರ್ಮಶಾಸ್ತ್ರಗಳು ಅಂಕಿಯಲ್ಲೇ ಉತ್ತರ ಕೊಡುತ್ತವೆ. ಯಾಜ್ಞವಲ್ಕ್ಯ ಸ್ಮೃತಿಯ ಪ್ರಕಾರ ಒತ್ತೆ ಇದ್ದರೆ ತಿಂಗಳಿಗೆ ಅಸಲಿನ 80ನೇ ಒಂದು ಪಾಲು. ಅಂದರೆ ತಿಂಗಳಿಗೆ ನೂರಕ್ಕೆ ಒಂದೂಕಾಲು, ವರ್ಷಕ್ಕೆ 15. ಮನುಸ್ಮೃತಿ ಇದೇ ದರವನ್ನು ವಸಿಷ್ಠರ ಹೆಸರಿನಲ್ಲಿ ಹೇಳುತ್ತದೆ. ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರ’ ಎಂಬ ವ್ಯಾಖ್ಯಾನ ಬರೆದ ವಿಜ್ಞಾನೇಶ್ವರ ನಮ್ಮ ನೆಲದವನು. ಚಾಲುಕ್ಯರ ಆರನೇ ವಿಕ್ರಮಾದಿತ್ಯ (1076–1126) ಆಳುತ್ತಿದ್ದ ಕಾಲದಲ್ಲಿ, ಕಲ್ಯಾಣದಲ್ಲಿ, ಅಂದರೆ ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣದಲ್ಲಿ ಅವನು ಅದನ್ನು ಬರೆದ. ಏಳು ನೂರು ವರ್ಷಗಳ ನಂತರವೂ ಬ್ರಿಟಿಷರ ಕೋರ್ಟುಗಳು ಹಿಂದೂ ಆಸ್ತಿ ವ್ಯಾಜ್ಯಗಳಿಗೆ ಆ ಗ್ರಂಥವನ್ನೇ ತೆರೆಯುತ್ತಿದ್ದವು.

ಆ ಶಾಸ್ತ್ರಗಳನ್ನು ಕೊಂಡಾಡಲು ನಾನು ಇದನ್ನು ಬರೆಯುತ್ತಿಲ್ಲ. ಒತ್ತೆ ಇಲ್ಲದ ಸಾಲಕ್ಕೆ ಅವು ವರ್ಣಕ್ಕೊಂದು ದರ ಇಟ್ಟಿದ್ದವು. ಬ್ರಾಹ್ಮಣನಿಗೆ ತಿಂಗಳಿಗೆ ನೂರಕ್ಕೆ 2, ಕ್ಷತ್ರಿಯನಿಗೆ 3, ವೈಶ್ಯನಿಗೆ 4, ಶೂದ್ರನಿಗೆ 5. ದುಡಿಯುವವನ ಮೇಲೆಯೇ ಹೆಚ್ಚಿನ ಭಾರ. ಅದು ಅನ್ಯಾಯ, ಅದನ್ನು ಅನ್ಯಾಯ ಎಂದೇ ಹೇಳಬೇಕು. ಆದರೆ ಅವೇ ಗ್ರಂಥಗಳಲ್ಲಿ ಸಾಲಗಾರನನ್ನು ಕಾಯುವ ಎರಡು ನಿಯಮಗಳೂ ಇವೆ. ನನ್ನ ಕಸುಬಿಗೆ ಬಂದು ಮುಟ್ಟಿದ್ದು ಆ ಎರಡೇ.

ಮೊದಲನೆಯದು: ಅಡವಿಟ್ಟ ವಸ್ತುವನ್ನು ಸಾಲ ಕೊಟ್ಟವನು ಬಳಸಿಕೊಳ್ಳುತ್ತಿದ್ದರೆ ಅವನಿಗೆ ಬಡ್ಡಿ ಇಲ್ಲ. ಎರಡನೆಯದು: ಒಂದು ಸಲಕ್ಕೆ ವಸೂಲು ಮಾಡುವ ಬಡ್ಡಿ ಅಸಲನ್ನು ಮೀರಬಾರದು, ಅಸಲು, ಬಡ್ಡಿ ಸೇರಿ ಇಮ್ಮಡಿಯಾದರೆ ಅಲ್ಲಿಗೆ ಮುಗಿಯಿತು. ಚಕ್ರಬಡ್ಡಿಯನ್ನು ಮನುಸ್ಮೃತಿ ಹೆಸರಿಟ್ಟು ನಿಷೇಧಿಸುತ್ತದೆ. ಇಮ್ಮಡಿಯ ನಿಯಮಕ್ಕೆ ಕೋರ್ಟಿನ ಭಾಷೆಯಲ್ಲಿ ‘ದಾಮದುಪ್ಪಟ್’ ಎಂದು ಹೆಸರು. ಬೊಂಬಾಯಿ ಪ್ರಾಂತ್ಯದ ಕೋರ್ಟುಗಳು ಬ್ರಿಟಿಷರ ಆಳ್ವಿಕೆಯಲ್ಲೂ ಹಿಂದೂ ಸಾಲಗಾರರಿಗೆ ಅದನ್ನು ಅನ್ವಯಿಸುತ್ತಿದ್ದವು. ಧಾರವಾಡ, ಬೆಳಗಾವಿ, ವಿಜಯಪುರ ಆ ಪ್ರಾಂತ್ಯಕ್ಕೇ ಸೇರಿದ್ದವು. 1862ರಲ್ಲಿ ಉತ್ತರ ಕನ್ನಡವೂ ಸೇರಿತು.

ಎರಡನೇ ನಿಯಮದಲ್ಲಿ ‘ಒಂದು ಸಲಕ್ಕೆ’ ಎಂಬ ಮಾತನ್ನು ಓದುಗರು ಮನಸ್ಸಿನಲ್ಲಿಡಬೇಕು. ಮುಂದಿನ ಲೆಕ್ಕವೆಲ್ಲ ಅದರ ಮೇಲೆ ನಿಂತಿದೆ.

ಬಡ್ಡಿ ಇಲ್ಲ, ಬಾಡಿಗೆ ಇಲ್ಲ

ಮೊದಲ ನಿಯಮದಿಂದ ಬಂದದ್ದು ಭೋಗ್ಯ. ಅಪ್ಪ ಬರೆದ ಸ್ವಾಧೀನ ಭೋಗ್ಯಪತ್ರಗಳ ನಕಲುಗಳು ಇನ್ನೂ ನನ್ನ ಬಳಿ ಇವೆ. ಎಲ್ಲದರಲ್ಲೂ ಕ್ರಮ ಒಂದೇ. ಯಾರು ಬಿನ್ ಯಾರು, ಯಾರು ಕೋಂ ಯಾರು, ಅಂದರೆ ಯಾರ ಮಗ, ಯಾರ ಹೆಂಡತಿ, ಯಾವ ಊರು. ಆಮೇಲೆ ಸಾಲದ ಕಾರಣ: ಮಗಳ ಮದುವೆ, ಬಾವಿ ತೋಡಿಸಿದ್ದು, ಕೈಸಾಲ ತೀರಿಸುವುದು. ಆಮೇಲೆ ಮುದ್ದತು. ಆಮೇಲೆ ಇಡೀ ಪತ್ರದ ಜೀವವಾದ ಸಾಲು: ಹಣಕ್ಕೆ ಬಡ್ಡಿ ಇಲ್ಲ, ಮನೆಗೆ ಬಾಡಿಗೆ ಇಲ್ಲ. ಕೊನೆಯಲ್ಲಿ ಚಕ್ಕುಬಂದಿ, ಪೂರ್ವಕ್ಕೆ ಯಾರ ಮನೆ, ಪಶ್ಚಿಮಕ್ಕೆ ಯಾವ ಓಣಿ. ಬರೆದಾದ ಮೇಲೆ ಅಪ್ಪ ಪತ್ರವನ್ನು ಗಟ್ಟಿಯಾಗಿ ಓದುತ್ತಿದ್ದರು. ಓದು ಬಾರದವರು ಕೇಳಿ, ತಿಳಿದು, ಒಪ್ಪಿ ಹೆಬ್ಬೆಟ್ಟು ಒತ್ತುತ್ತಿದ್ದರು.

ಈ ಏರ್ಪಾಡಿನಲ್ಲಿ ಸಾಲದ ಬೆಲೆ ಕಣ್ಣೆದುರಿಗೇ ಇರುತ್ತಿತ್ತು. ನನ್ನ ಮನೆಯಲ್ಲಿ ಬೇರೆಯವರು ಇದ್ದಾರೆ. ನಾನು ಪಡೆದಷ್ಟೇ ಹಣವನ್ನು ಹಿಂದಿರುಗಿಸಿದ ದಿನ ಅವರು ಬಿಟ್ಟು ಹೋಗುತ್ತಾರೆ. ಹತ್ತು ವರ್ಷ ಕಳೆದರೂ ಅಸಲು ಒಂದು ರೂಪಾಯಿ ಹೆಚ್ಚುವುದಿಲ್ಲ. ಕಷ್ಟ ಇರಲಿಲ್ಲ ಎಂದಲ್ಲ. ಇದ್ದ ಒಂದೇ ಮನೆ ಭೋಗ್ಯಕ್ಕೆ ಕೊಟ್ಟವರು ಹಿತ್ತಲ ಕೊಟ್ಟಿಗೆಯಲ್ಲಿ ಸಂಸಾರ ಮಾಡಬೇಕಾಗುತ್ತಿತ್ತು. ಒಟ್ಟು ಹಣ ಒಮ್ಮೆಲೇ ಕೂಡಿಸಲಾಗದೆ ಮೊಮ್ಮಕ್ಕಳ ಕಾಲಕ್ಕೂ ಮನೆ ಬಿಡಿಸಿಕೊಳ್ಳಲಾಗದವರಿದ್ದರು.

ಬೆಂಗಳೂರಿನಲ್ಲಿ ಇವತ್ತಿಗೂ ‘ಮನೆ ಭೋಗ್ಯಕ್ಕಿದೆ’ ಎಂಬ ಬೋರ್ಡು ಕಾಣುತ್ತದೆ. ಜನ ಅದನ್ನು ಲೀಸ್ ಎನ್ನುತ್ತಾರೆ. ಹಲವು ಲಕ್ಷ ಒಮ್ಮೆಲೇ ಕೊಟ್ಟು ಎರಡು ಮೂರು ವರ್ಷ ಬಾಡಿಗೆ ಇಲ್ಲದೆ ಇದ್ದು, ಹೋಗುವಾಗ ಅಷ್ಟೂ ಹಣ ವಾಪಸ್ ಪಡೆಯುವುದು. ಆದರೆ ಕರಾರನ್ನು ನೋಂದಾಯಿಸದೆ, ಋಣಭಾರ ಪತ್ರ ತೆಗೆಸಿ ನೋಡದೆ ಹಣ ಕೊಟ್ಟವರು ನಂತರ ಅದೇ ಮನೆ ಬ್ಯಾಂಕಿಗೆ ಅಡವಿದೆ ಎಂದು ತಿಳಿದು ಒದ್ದಾಡಿದ್ದನ್ನು ನಾನು ನೋಡಿದ್ದೇನೆ. ಹಳೆಯ ಪದ್ಧತಿಯ ಅನುಕೂಲ ಉಳಿದು ಅದರ ಕಾವಲು ಹೋದರೆ ಹೀಗಾಗುತ್ತದೆ.

ಮಿತಿ ಹೋದ ವರ್ಷಗಳು

1855ರಲ್ಲಿ ಬ್ರಿಟಿಷ್ ಇಂಡಿಯಾದ ಸರ್ಕಾರ ಬಡ್ಡಿಯ ಮೇಲಿನ ಕಾನೂನು ಮಿತಿಗಳನ್ನು ರದ್ದು ಮಾಡಿತು. ಇಬ್ಬರು ಒಪ್ಪಿ ಬರೆದುಕೊಂಡ ದರವೇ ದರ ಎಂಬುದು ಆ ಕಾಲದ ಇಂಗ್ಲೆಂಡಿನ ವಿಚಾರ. ಹದಿನೈದು ವರ್ಷಗಳ ನಂತರ, 1870ರಲ್ಲಿ, ಮದ್ರಾಸು ಕಡೆಯ ಒಂದು ವ್ಯಾಜ್ಯದಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಮುದ್ದತಿನೊಳಗೆ ಹಣ ಕಟ್ಟದಿದ್ದರೆ ಆಸ್ತಿ ಕ್ರಯವಾದಂತೆ ಎಂದು ಪತ್ರದಲ್ಲಿದ್ದರೆ ಹಾಗೆಯೇ ನಡೆಯಬೇಕು ಎಂದಿತು. ಒಂದು ಗಡುವು ತಪ್ಪಿದರೆ ಮನೆ, ಜಮೀನು ಹೋದಂತೆಯೇ.

ಇದರ ಫಲ ದಖ್ಖಣದಲ್ಲಿ ಕಂಡಿತು. ಹತ್ತಿಯ ಬೆಲೆ ಏರಿದಾಗ ಧಾರಾಳವಾಗಿ ಸಾಲ ಪಡೆದ ರೈತರು ಬೆಲೆ ಕುಸಿದಾಗ ಸಿಕ್ಕಿಬಿದ್ದರು. 1875ರ ಮೇ 12ರಂದು ಪುಣೆ ಜಿಲ್ಲೆಯ ಸುಪೆ ಗ್ರಾಮದಲ್ಲಿ ದಂಗೆ ಎದ್ದ ರೈತರು ಹುಡುಕಿದ್ದು ಸಾಲಪತ್ರಗಳನ್ನು. ಸಿಕ್ಕ ಪತ್ರಗಳನ್ನು ಬೀದಿಯಲ್ಲಿ ಸುಟ್ಟರು. ದಂಗೆ ಪುಣೆ, ಅಹಮದ್‌ನಗರ ಜಿಲ್ಲೆಗಳಿಗೆ ಹಬ್ಬಿತು. ತಾವು ಹೆಬ್ಬೆಟ್ಟು ಒತ್ತಿದ ಕಾಗದದಲ್ಲಿ ಏನು ಬರೆದಿತ್ತೆಂದು ಅವರಲ್ಲಿ ಅನೇಕರಿಗೆ ಗೊತ್ತಿರಲಿಲ್ಲ.

ಸರ್ಕಾರ 1879ರಲ್ಲಿ ತಂದ ದಖ್ಖಣ ಕೃಷಿಕರ ಪರಿಹಾರ ಕಾಯ್ದೆಯನ್ನು ಪತ್ರ ಬರೆಯುವ ಪ್ರತಿಯೊಬ್ಬರೂ ಓದಬೇಕೆಂದು ನನಗನಿಸುತ್ತದೆ. ರೈತ ಬರೆದುಕೊಡುವ ಸಾಲಪತ್ರವನ್ನು ಗ್ರಾಮದ ರಿಜಿಸ್ಟ್ರಾರನ ಉಸ್ತುವಾರಿಯಲ್ಲೇ ಬರೆಸಬೇಕು ಎಂದು ಅದು ಹೇಳಿತು. ವ್ಯಾಜ್ಯ ಬಂದಾಗ ನ್ಯಾಯಾಧೀಶರು ಪತ್ರದಲ್ಲಿನ ಮೊತ್ತಕ್ಕೆ ತಲೆಬಾಗದೆ ಮೊದಲ ದಿನದಿಂದ ಲೆಕ್ಕ ತೆರೆಸಬಹುದಾಯಿತು. ನಿಜವಾಗಿ ಕೈಗೆ ಬಂದದ್ದೆಷ್ಟು, ಕೊಟ್ಟದ್ದೆಷ್ಟು, ಬಡ್ಡಿಯನ್ನು ಅಸಲಿಗೆ ಸೇರಿಸಿ ಹೊಸ ಪತ್ರ ಮಾಡಿಸಿದ್ದು ಎಷ್ಟು ಸಲ, ಎಲ್ಲವೂ ಹೊರಗೆ ಬರಬೇಕಿತ್ತು.

1882ರ ಆಸ್ತಿ ವರ್ಗಾವಣೆ ಕಾಯ್ದೆ ಇನ್ನೊಂದು ರಕ್ಷಣೆ ಕೊಟ್ಟಿತು. ಅಡಮಾನದ ಬಗೆಗಳನ್ನು ವಿಂಗಡಿಸಿದ ಅದೇ ಕಾಯ್ದೆಯ 60ನೇ ಕಲಂ, ಹಣ ಕಟ್ಟಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕನ್ನು ಸಾಲಗಾರನಿಗೆ ಗಟ್ಟಿ ಮಾಡಿತು. ಒಮ್ಮೆ ಅಡಮಾನವಾದದ್ದು ಎಂದೆಂದಿಗೂ ಅಡಮಾನವೇ, ಯಾವ ಷರತ್ತೂ ಅದನ್ನು ಕ್ರಯವಾಗಿ ಮಾಡಲಾರದು ಎಂಬ ತತ್ವ ನೆಲೆಯೂರಿತು. 2014ರಲ್ಲಿ ಸುಪ್ರೀಂ ಕೋರ್ಟ್, ಸ್ವಾಧೀನ ಭೋಗ್ಯದಲ್ಲಿ ಪತ್ರದ ತಾರೀಖಿನಿಂದ 30 ವರ್ಷ ಕಳೆಯಿತೆಂಬ ಮಾತ್ರಕ್ಕೆ ಬಿಡಿಸಿಕೊಳ್ಳುವ ಹಕ್ಕು ಸಾಯುವುದಿಲ್ಲ ಎಂದು ಹೇಳಿದ್ದು ಇದರ ಮುಂದುವರಿಕೆ. ಮನೆ ಕೈತಪ್ಪುವುದರ ವಿರುದ್ಧ ಹೀಗೆ ಕಾನೂನು ಬೆಳೆಯಿತು. ಮನೆಗಾಗಿ ಒಟ್ಟು ಎಷ್ಟು ತೆರಬೇಕಾಗುತ್ತದೆ ಎಂಬ ಪ್ರಶ್ನೆ ಮಾತ್ರ ಹಿಂದೆ ಉಳಿಯಿತು.

ಸಂಘದ ಸಾಲ, ಸರ್ಕಾರದ ಮುಂಗಡ

1898ರ ಪ್ಲೇಗು ಬೆಂಗಳೂರಿನ ಪೇಟೆಯನ್ನು ಖಾಲಿ ಮಾಡಿತು. ಬಸವನಗುಡಿ, ಮಲ್ಲೇಶ್ವರ ಬಡಾವಣೆಗಳು ಹುಟ್ಟಿದ್ದು ಆಗ. ಮೈಸೂರಿಗೆ 1903ರಲ್ಲಿ ನಗರ ಸುಧಾರಣಾ ಟ್ರಸ್ಟ್ ಬಂತು. ಊರು ಗೋಡೆ ದಾಟಿ ಬೆಳೆಯತೊಡಗಿದಾಗ ಹೊಸ ಬಗೆಯ ಮನೆಗಾರ ಕಾಣಿಸಿಕೊಂಡ: ಜಮೀನು ಇಲ್ಲ, ಪಿತ್ರಾರ್ಜಿತ ಮನೆ ಇಲ್ಲ, ತಿಂಗಳ ಸಂಬಳ ಮಾತ್ರ ಇದೆ. ಲೇವಾದೇವಿಯವನ ದರ ಅವನಿಗೆ ಎಟುಕದು. ಭೋಗ್ಯಕ್ಕೆ ಕೊಡಲು ಅವನಲ್ಲಿ ಮನೆಯೇ ಇಲ್ಲ.

ಅವನಿಗೆ ಉತ್ತರವಾಗಿ ಬಂದದ್ದು ಸಹಕಾರ. ಗದಗ ಬಳಿಯ ಕಣಗಿನಹಾಳದಲ್ಲಿ ಸಿದ್ಧನಗೌಡ ಪಾಟೀಲರು ಕೃಷಿ ಪತ್ತಿನ ಸಂಘ ಕಟ್ಟಿದ್ದು 1905ರಲ್ಲಿ. ನಾಲ್ಕು ವರ್ಷಗಳ ನಂತರ, 1909ರಲ್ಲಿ, ಬೆಂಗಳೂರು ಬಿಲ್ಡಿಂಗ್ ಕೋ-ಆಪರೇಟಿವ್ ಸೊಸೈಟಿ ಸ್ಥಾಪನೆಯಾಯಿತು. ದೇಶದ ವಸತಿ ಸಹಕಾರ ಚಳವಳಿ ತನ್ನ ಆರಂಭವನ್ನು ಅಲ್ಲಿಂದಲೇ ಎಣಿಸುತ್ತದೆ. ಇಂಥ ಸಂಘದಲ್ಲಿ ಸಾಲ ಪಡೆಯುವವನೇ ಷೇರುದಾರ. ವರ್ಷಕ್ಕೊಮ್ಮೆ ಸರ್ವಸದಸ್ಯರ ಸಭೆಯಲ್ಲಿ ಎದ್ದು ನಿಂತು ಬಡ್ಡಿಯ ಲೆಕ್ಕ ಕೇಳುವ ಹಕ್ಕು ಅವನಿಗಿದೆ. ನನ್ನ ಅಜ್ಜನ ಕಾಲದ ಗುಮಾಸ್ತರು, ಮೇಷ್ಟ್ರುಗಳು ಆ ಹಕ್ಕನ್ನು ಬಳಸುತ್ತಿದ್ದರು ಎಂದು ಅಪ್ಪ ಹೇಳುತ್ತಿದ್ದರು.

ಸ್ವಾತಂತ್ರ್ಯದ ನಂತರ ಸರ್ಕಾರಿ ನೌಕರರಿಗೆ ಇನ್ನೊಂದು ದಾರಿ ತೆರೆಯಿತು. ಕೇಂದ್ರ ಸರ್ಕಾರ 1956ರಲ್ಲಿ ಗೃಹ ನಿರ್ಮಾಣ ಮುಂಗಡ ಯೋಜನೆ ತಂದಿತು. ನೌಕರರ ಬಾಯಲ್ಲಿ ಅದು ಎಚ್.ಬಿ.ಎ. ಇದರ ವಸೂಲಿ ಕ್ರಮವನ್ನು ಗಮನವಿಟ್ಟು ನೋಡಬೇಕು. ಮೊದಲು 180 ತಿಂಗಳವರೆಗೆ ಅಸಲು ಮಾತ್ರ ಹಿಡಿಯುತ್ತಾರೆ. ಅಸಲು ತೀರಿದ ಮೇಲೆ 60 ತಿಂಗಳು ಬಡ್ಡಿ. ಬಡ್ಡಿ ಸರಳ ಬಡ್ಡಿ, ಅದೂ ಇಳಿಯುತ್ತಾ ಬಂದ ಅಸಲಿನ ಮೇಲೆ ಮಾತ್ರ.

ಇಂದಿನ ಅಂಕಿಯಲ್ಲಿ ಹೇಳುತ್ತೇನೆ. 50 ಲಕ್ಷ ಸಾಲ, ಶೇ 8.5 ಬಡ್ಡಿ, 20 ವರ್ಷ ಎಂದಿಟ್ಟುಕೊಳ್ಳಿ. ಎಚ್.ಬಿ.ಎ. ಕ್ರಮದಲ್ಲಿ ತಿಂಗಳಿಗೆ ಸುಮಾರು 27,800ರಂತೆ 15 ವರ್ಷದಲ್ಲಿ ಅಸಲು ಮುಗಿಯುತ್ತದೆ. ಕೂಡಿಬಿದ್ದ ಬಡ್ಡಿ ಸುಮಾರು 32 ಲಕ್ಷ. ಅದನ್ನು ಉಳಿದ 5 ವರ್ಷದಲ್ಲಿ ಕಟ್ಟಬೇಕು. ಒಟ್ಟು 82 ಲಕ್ಷ. ಅದೇ ಸಾಲ, ಅದೇ ದರ, ಅದೇ 20 ವರ್ಷ, ಆದರೆ ಬ್ಯಾಂಕಿನ ಕಂತಿನ ಕ್ರಮದಲ್ಲಿ ಬಡ್ಡಿ 54 ಲಕ್ಷ ದಾಟುತ್ತದೆ. 22 ಲಕ್ಷದ ಅಂತರಕ್ಕೆ ಕಾರಣ ದರವಲ್ಲ. ಮೊದಲು ಯಾವುದನ್ನು ಹಿಡಿಯುತ್ತಾರೆ, ಅಸಲನ್ನೋ ಬಡ್ಡಿಯನ್ನೋ ಎಂಬುದೇ ಕಾರಣ.

ಕಂತು ಬಂದ ಮೇಲೆ

ಸರ್ಕಾರಿ ನೌಕರಿ ಇಲ್ಲದವರಿಗೆ, ಸಂಘದ ಸದಸ್ಯತ್ವ ಇಲ್ಲದವರಿಗೆ 1970ರ ದಶಕದವರೆಗೂ ದಾರಿ ಕಿರಿದಾಗಿತ್ತು. ಬ್ಯಾಂಕುಗಳು ಮನೆಗೆ ಸಾಲ ಕೊಡುವುದು ಅಪರೂಪ. ನಿವೃತ್ತಿಯಾಗಿ ಪಿ.ಎಫ್. ಹಣ ಬಂದ ಮೇಲೆ ಮನೆ ಕಟ್ಟುವುದು ಮಧ್ಯಮ ವರ್ಗದ ವಾಡಿಕೆ. ಐಸಿಐಸಿಐನಲ್ಲಿ ದುಡಿದು ನಿವೃತ್ತರಾದ ಎಚ್.ಟಿ. ಪಾರೇಖ್ 1977ರಲ್ಲಿ ಬೊಂಬಾಯಿಯಲ್ಲಿ ಎಚ್.ಡಿ.ಎಫ್.ಸಿ. ಸ್ಥಾಪಿಸಿದ್ದು ಈ ಕೊರತೆಯನ್ನು ಕಂಡು. ಮರುವರ್ಷ ಅದು ಕೊಟ್ಟ ಮೊದಲ ಸಾಲ 30,000 ರೂಪಾಯಿ, ಬೊಂಬಾಯಿಯ ಮಲಾಡಿನ ಮನೆಗೆ, ಶೇ 10.5 ಬಡ್ಡಿಗೆ. ಬೆಂಗಳೂರಿನಲ್ಲಿ 1987ರಲ್ಲಿ ಕೆನರಾ ಬ್ಯಾಂಕಿನಿಂದ ಕ್ಯಾನ್ ಫಿನ್ ಹೋಮ್ಸ್ ಹುಟ್ಟಿತು. 1988ರಲ್ಲಿ ರಾಷ್ಟ್ರೀಯ ವಸತಿ ಬ್ಯಾಂಕ್ ಬಂತು. ಮೂವತ್ತರ ಹರೆಯದಲ್ಲೇ ಸ್ವಂತ ಮನೆಗೆ ಕಾಲಿಡುವುದು ಸಾಧ್ಯವಾಯಿತು. ಇದು ದೊಡ್ಡ ಉಪಕಾರ, ಅದನ್ನು ಕಡಿಮೆ ಮಾಡಿ ಹೇಳುವ ಮನಸ್ಸು ನನಗಿಲ್ಲ.

ಇದರ ಜೊತೆಯಲ್ಲೇ ಬಂದದ್ದು ಸಮಾನ ಮಾಸಿಕ ಕಂತು, ಎಲ್ಲರ ಬಾಯಲ್ಲಿ ಇ.ಎಂ.ಐ. ಮೊದಲ ತಿಂಗಳಿಂದ ಕೊನೆಯ ತಿಂಗಳವರೆಗೆ ಒಂದೇ ಮೊತ್ತ. ಸಂಬಳದಾರನಿಗೆ ಇದಕ್ಕಿಂತ ಅನುಕೂಲ ಬೇರೆ ಇಲ್ಲ. ಆದರೆ ಆ ಒಂದೇ ಮೊತ್ತದೊಳಗೆ ಬಡ್ಡಿ ಎಷ್ಟು, ಅಸಲು ಎಷ್ಟು ಎಂಬ ಪಾಲು ತಿಂಗಳು ತಿಂಗಳು ಬದಲಾಗುತ್ತದೆ. ಮೇಲೆ ಹೇಳಿದ 50 ಲಕ್ಷದ ಸಾಲಕ್ಕೆ ತಿಂಗಳ ಕಂತು 43,391. ಮೊದಲ ತಿಂಗಳು ಅದರಲ್ಲಿ 35,417 ಬಡ್ಡಿಗೆ ಹೋಗುತ್ತದೆ, ಅಸಲಿಗೆ ಸೇರುವುದು 7,974. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು ಹನ್ನೆರಡನೇ ವರ್ಷದ ಕೊನೆಯಲ್ಲಿ. ಹತ್ತು ವರ್ಷ ಒಂದೂ ಕಂತು ತಪ್ಪದೆ ಕಟ್ಟಿದವರು ಕೊಟ್ಟದ್ದು 52 ಲಕ್ಷ, ಪಡೆದ ಸಾಲಕ್ಕಿಂತ ಹೆಚ್ಚು. ಆದರೂ ಆ ದಿನ ಬಾಕಿ ಉಳಿದಿರುವುದು 35 ಲಕ್ಷ.

ಈಗ ಇಮ್ಮಡಿಯ ಗೆರೆಗೆ ಬರೋಣ. 20 ವರ್ಷಕ್ಕೆ ಈ ಸಾಲಕ್ಕೆ ಕಟ್ಟುವ ಒಟ್ಟು ಹಣ 1 ಕೋಟಿ 4 ಲಕ್ಷ. ಅಂದರೆ 20 ವರ್ಷದ ಸಾಮಾನ್ಯ ಮನೆ ಸಾಲ ಇಮ್ಮಡಿಯನ್ನು ದಾಟಿಬಿಡುತ್ತದೆ. ದಾಮದುಪ್ಪಟ್ ನಿಯಮ ಇದನ್ನು ತಡೆಯುತ್ತಿರಲಿಲ್ಲ, ಯಾಕೆಂದರೆ ಅದು ಕಾಯುತ್ತಿದ್ದದ್ದು ಒಂದು ಸಲಕ್ಕೆ ವಸೂಲು ಮಾಡುವ ಬಾಕಿ ಬಡ್ಡಿಯನ್ನು. ಕಂತಿನಲ್ಲಿ ಬಡ್ಡಿ ಬಾಕಿ ಬೀಳುವುದೇ ಇಲ್ಲ. ಅಂದಂದಿನದು ಅಂದಂದಿಗೆ ಚುಕ್ತಾ. ರಾಶಿ ಬಿದ್ದ ಬಡ್ಡಿಯನ್ನು ಕಾಣಬಲ್ಲ ಕಣ್ಣಿಗೆ ಹನಿಹನಿಯಾಗಿ ಹರಿದುಹೋದದ್ದು ಕಾಣಲಿಲ್ಲ. ಸಾವಿರ ವರ್ಷ ನಿಂತಿದ್ದ ಗೆರೆಯನ್ನು ನಾವು ದಾಟಿದ್ದು ಹೀಗೆ, ಕಾನೂನು ಮುರಿಯದೆ, ಯಾರ ಮೋಸವೂ ಇಲ್ಲದೆ.

ಹಾಗಾಗಿ ಮನೆ ಸಾಲದ ನಿಜವಾದ ಬೆಲೆ ಕೂತಿರುವುದು ಅವಧಿಯಲ್ಲಿ. ಜನ ಕಾಲು ಪರ್ಸೆಂಟ್ ದರಕ್ಕೆ ನಾಲ್ಕು ಬ್ಯಾಂಕು ಸುತ್ತುತ್ತಾರೆ, ಅವಧಿಯನ್ನು ಮಾತ್ರ ನಿಂತ ನಿಲುವಿನಲ್ಲಿ ಒಪ್ಪುತ್ತಾರೆ. ಕ್ರಯಪತ್ರ ಬರೆಸಲು ಬಂದಿದ್ದ ಒಂದು ಚಿಕ್ಕ ವಯಸ್ಸಿನ ಜೋಡಿ, “30 ವರ್ಷಕ್ಕೆ ಹಾಕಿಸಿದ್ರೆ ತಿಂಗಳಿಗೆ 5,000 ಉಳಿಯುತ್ತಂತೆ ಮೇಡಂ” ಎಂದು ಖುಷಿಯಿಂದ ಹೇಳಿತು. ಅವರದ್ದೂ 50 ಲಕ್ಷವೇ. ನಾನು ಕಾಗದದ ಹಿಂಬದಿಯಲ್ಲಿ ಲೆಕ್ಕ ಹಾಕಿ ತೋರಿಸಿದೆ. 15 ವರ್ಷವಾದರೆ ಕಂತು 49,237, ಒಟ್ಟು 88.6 ಲಕ್ಷ. 20 ವರ್ಷವಾದರೆ 43,391, ಒಟ್ಟು 1.04 ಕೋಟಿ. 30 ವರ್ಷವಾದರೆ 38,446, ಒಟ್ಟು 1.38 ಕೋಟಿ. ತಿಂಗಳಿಗೆ 5,000 ಉಳಿಸಲು ಹೋಗಿ 34 ಲಕ್ಷ ಹೆಚ್ಚು ತೆರುತ್ತಾರೆ. ಆ ಹುಡುಗಿ ಶಾಲೆಯೊಂದರಲ್ಲಿ ಟೀಚರು. ಅಂಕಿಗಳನ್ನು ಎರಡು ಸಲ ಓದಿ, ಗಂಡನ ಕಡೆ ತಿರುಗಿ, “ರೀ, ಇದನ್ನ ಅಲ್ಲಿ ಯಾರೂ ಹೇಳಲೇ ಇಲ್ವಲ್ಲ” ಎಂದಳು.

ಇನ್ನೊಂದು ಪಕ್ಷದ ಮಾತನ್ನೂ ಹೇಳಬೇಕು. ಸಂಬಳ ಏರುತ್ತಾ ಹೋದಂತೆ ಅದೇ 43,391 ಹದಿನೈದು ವರ್ಷದ ನಂತರ ಹಗುರವಾಗುತ್ತದೆ. ಅಷ್ಟು ವರ್ಷದ ಬಾಡಿಗೆ ಉಳಿಯುತ್ತದೆ. ಹಳೆಯ ತೆರಿಗೆ ಪದ್ಧತಿಯಲ್ಲಿದ್ದವರಿಗೆ ಸ್ವಂತ ವಾಸದ ಮನೆಯ ಬಡ್ಡಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ. ಆದರೆ ಈ ಸಾಲದ ಮೊದಲ ವರ್ಷದ ಬಡ್ಡಿ 4 ಲಕ್ಷ ಮೀರುತ್ತದೆ ಎಂಬುದನ್ನೂ ನೆನಪಿಡಬೇಕು. ಇವೆಲ್ಲ ಲೆಕ್ಕಕ್ಕೆ ಸೇರಲಿ. ಲೆಕ್ಕವೇ ಇಲ್ಲದೆ ಸಹಿ ಹಾಕುವುದಷ್ಟೇ ಬೇಡ.

ನಿಲ್ಲದ ದರ

ಕಂತಿನ ಕ್ರಮದೊಳಗೂ ಬೆಲೆ ಮರೆಯಾಗುವ ಮಡಿಕೆಗಳಿದ್ದವು. ಮೊದಲ ದಶಕಗಳಲ್ಲಿ ಅನೇಕ ಗೃಹ ಸಾಲ ಸಂಸ್ಥೆಗಳು ವರ್ಷಕ್ಕೊಮ್ಮೆ ಅಸಲು ಇಳಿಸುವ ಲೆಕ್ಕ ಇಟ್ಟಿದ್ದವು. ನೀವು ತಿಂಗಳು ತಿಂಗಳು ಕಟ್ಟಿದರೂ ಆ ಹಣ ಅಸಲಿನಿಂದ ಕಳೆಯುವುದು ವರ್ಷದ ಕೊನೆಗೆ. ಶೇ 15 ದರದ, 15 ವರ್ಷದ ಸಾಲಕ್ಕೆ ಲಕ್ಷಕ್ಕೆ ತಿಂಗಳಿಗೆ 25 ರೂಪಾಯಿ ಹೆಚ್ಚು ಬೀಳುತ್ತಿತ್ತು. ಕಾಗದದಲ್ಲಿ 15, ಕೈಯಿಂದ ಹೋಗುವುದು ಸುಮಾರು 15.4.

ಆಮೇಲೆ ಏರಿಳಿಯುವ ದರ ಬಂತು. ಪೇಟೆಯಲ್ಲಿ ಬಡ್ಡಿ ಏರಿದಾಗ ಹಳೆಯ ಸಾಲಗಾರನಿಗೆ ಬೇಗ ಏರುತ್ತಿತ್ತು, ಇಳಿದಾಗ ನಿಧಾನವಾಗಿ ಇಳಿಯುತ್ತಿತ್ತು. ಇದನ್ನು ಸರಿಪಡಿಸಲು ರಿಸರ್ವ್ ಬ್ಯಾಂಕ್ 2010ರಲ್ಲಿ ಬೇಸ್ ರೇಟ್, 2016ರಲ್ಲಿ ಎಂ.ಸಿ.ಎಲ್.ಆರ್. ಎಂಬ ಮೂಲ ದರಗಳನ್ನು ತಂದಿತು. 2017ರಲ್ಲಿ ಅದರದೇ ಅಧ್ಯಯನ ತಂಡ ಬ್ಯಾಂಕುಗಳು ಈ ದರಗಳನ್ನು ತಮಗೆ ಬೇಕಾದಂತೆ ಲೆಕ್ಕ ಹಾಕಿದ್ದನ್ನು ಕಂಡುಹಿಡಿಯಿತು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಮನೆ ಸಾಲಗಳು ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರದಂಥ ಹೊರಗಿನ ಅಳತೆಗೆ ಕಟ್ಟುಬಿದ್ದವು. ಪಾರದರ್ಶಕತೆ ಬಂತು. ಏರಿಳಿತದ ಪೆಟ್ಟು ಮಾತ್ರ ನೇರವಾಗಿ ಸಾಲಗಾರನ ಮೇಲೆಯೇ ಬಿತ್ತು.

2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ ದರ ಶೇ 4ರಿಂದ 6.5ಕ್ಕೆ ಏರಿತು. ಅದಕ್ಕೆ ಸ್ವಲ್ಪ ಮುಂಚೆ ಶೇ 6.5ಕ್ಕೆ 50 ಲಕ್ಷ, 20 ವರ್ಷಕ್ಕೆ ಪಡೆದವರ ಕಂತು 37,279. ಒಂದು ವರ್ಷ ಕಟ್ಟಿದ ಮೇಲೆ ಬಾಕಿ ಸುಮಾರು 48.74 ಲಕ್ಷ. ದರ ಶೇ 9 ಆದರೆ ಆ ಬಾಕಿಗೆ ತಿಂಗಳ ಬಡ್ಡಿಯೇ 36,555. ಕಂತು ಅಷ್ಟೇ ಇದ್ದರೆ ಅಸಲಿಗೆ ಹೋಗುವುದು 724 ರೂಪಾಯಿ. ಕಂತು ಹೆಚ್ಚಿಸದೆ ಅವಧಿ ಹಿಗ್ಗಿಸಿದಾಗ ಅನೇಕರ ಸಾಲ ಅವರ ನಿವೃತ್ತಿಯ ವಯಸ್ಸನ್ನೂ ದಾಟಿತು, ಅವರಿಗೆ ತಿಳಿಯದೆಯೇ. 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಸುತ್ತೋಲೆ ಹೊರಡಿಸಿ, ದರ ಬದಲಾದಾಗ ಸಾಲಗಾರನಿಗೆ ತಿಳಿಸಬೇಕು, ಕಂತು ಹೆಚ್ಚಿಸುವುದೋ ಅವಧಿ ಹೆಚ್ಚಿಸುವುದೋ ಆಯ್ಕೆ ಕೊಡಬೇಕು ಎಂದಿತು.

ಮತ್ತೆ ಒಟ್ಟು ಮೊತ್ತ

ಈಚಿನ ವರ್ಷಗಳ ನಿಯಮಗಳನ್ನು ಹಳೆಯ ಪತ್ರಗಳ ಪಕ್ಕದಲ್ಲಿಟ್ಟು ಓದಿದರೆ ನನಗೆ ಭರವಸೆ ಮೂಡುತ್ತದೆ. 2012ರಲ್ಲಿ ಬ್ಯಾಂಕುಗಳು ಏರಿಳಿಯುವ ದರದ ಮನೆ ಸಾಲವನ್ನು ಮುಂಚಿತವಾಗಿ ತೀರಿಸಿದವರಿಂದ ದಂಡ ವಸೂಲು ಮಾಡುವುದನ್ನು ರಿಸರ್ವ್ ಬ್ಯಾಂಕ್ ನಿಲ್ಲಿಸಿತು. 60ನೇ ಕಲಮಿನ ಬಿಡಿಸಿಕೊಳ್ಳುವ ಹಕ್ಕು ಇದರಿಂದ ಇನ್ನಷ್ಟು ಬಲವಾಯಿತು. 2023ರ ಡಿಸೆಂಬರ್ 1ರಿಂದ, ಸಾಲ ಪೂರ್ತಿ ತೀರಿದ 30 ದಿನದೊಳಗೆ ಮನೆಯ ಮೂಲಪತ್ರಗಳನ್ನು ಹಿಂದಿರುಗಿಸಬೇಕು, ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. 2024ರ ಅಕ್ಟೋಬರ್ 1ರಿಂದ ಹೊಸ ಸಾಲಕ್ಕೆ ಮುಖ್ಯಾಂಶಗಳ ಒಂದು ಹೇಳಿಕೆ ಕಡ್ಡಾಯ. ಸಂಸ್ಕರಣಾ ಶುಲ್ಕ, ವಿಮೆ ಮುಂತಾದ ಖರ್ಚೆಲ್ಲ ಸೇರಿ ನಿಜವಾದ ವಾರ್ಷಿಕ ದರ ಎಷ್ಟು, ಒಟ್ಟು ಕಟ್ಟಬೇಕಾದ್ದು ಎಷ್ಟು, ಕಂತಿನ ಪಟ್ಟಿ ಹೇಗಿದೆ ಎಂಬುದನ್ನು ಸಹಿಗೆ ಮುಂಚೆ, ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕು. 1879ರ ಕಾಯ್ದೆ ಗ್ರಾಮ ರಿಜಿಸ್ಟ್ರಾರನಿಂದ ಮಾಡಿಸಲು ಹೊರಟ ಕೆಲಸವೇ ಇದು.

ತಿಳಿಯುವ ಭಾಷೆ ಎಂದರೆ ನಮಗೆ ಕನ್ನಡ. ಅದನ್ನು ಕೇಳಿ ಪಡೆಯಿರಿ ಎಂದು ನನ್ನ ಬಳಿ ಬರುವವರಿಗೆಲ್ಲ ಹೇಳುತ್ತೇನೆ. ಆ ಕಾಗದದಿಂದ ಮೂರು ಅಂಕಿಗಳನ್ನು ಮನೆಯವರೆಲ್ಲ ಕೂತು ಗಟ್ಟಿಯಾಗಿ ಓದಬೇಕು. ಒಟ್ಟು ಎಷ್ಟು ಕಟ್ಟುತ್ತೇವೆ? ಅರ್ಧ ಅವಧಿ ಮುಗಿದ ದಿನ ಎಷ್ಟು ಬಾಕಿ ಇರುತ್ತದೆ? ದರ ಇನ್ನೆರಡು ಪರ್ಸೆಂಟ್ ಏರಿದರೆ ಕಂತು ಎಷ್ಟಾಗುತ್ತದೆ? ಮೂರಕ್ಕೂ ಉತ್ತರ ತಿಳಿದ ಮೇಲೆ ಸಹಿ ಹಾಕಿ. ಆಮೇಲೆ, ಸಾಧ್ಯವಾದರೆ, ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟಿ. ನಮ್ಮ 50 ಲಕ್ಷದ ಸಾಲದಲ್ಲಿ ಅಷ್ಟರಿಂದಲೇ 240 ತಿಂಗಳು ಸುಮಾರು 200ಕ್ಕೆ ಇಳಿಯುತ್ತದೆ, 10 ಲಕ್ಷ ಉಳಿಯುತ್ತದೆ. ಒಟ್ಟು ಮೊತ್ತ ಮತ್ತೆ ಇಮ್ಮಡಿಯ ಗೆರೆಯೊಳಗೆ ಬರುತ್ತದೆ. ಇಂದು ಆ ಗೆರೆಯನ್ನು ಎಳೆಯುವ ಶಾಸ್ತ್ರವೂ ಇಲ್ಲ, ಕೋರ್ಟೂ ಇಲ್ಲ. ಎಳೆಯುವ ಅಧಿಕಾರ ಸಾಲ ತೆಗೆಯುವವರ ಕೈಯಲ್ಲೇ ಇದೆ. ಅದನ್ನು ಬಳಸಿಕೊಳ್ಳಲು ಮೊದಲು ಕೇಳಬೇಕಾದದ್ದು ನಮ್ಮ ಹಿರಿಯರು ಕೇಳುತ್ತಿದ್ದ ಪ್ರಶ್ನೆಯನ್ನೇ: ಒಟ್ಟು ಎಷ್ಟು?